ಕಾಲು ಮುರಿದರೆ ಎಷ್ಟು ಪರಿಹಾರ? ಲೆಕ್ಕ ಶುರುವಾಗುವುದು ನಿಮ್ಮ ಕೆಲಸದಿಂದ

ಅಪಘಾತದಲ್ಲಿ ಕೈಕಾಲು ಮುರಿದುಕೊಂಡವರನ್ನು ನೋಡಲು ಬಂದವರು ಹೊರಡುವ ಮುಂಚೆ ಒಂದು ಮಾತು ಕೇಳಿಯೇ ಕೇಳುತ್ತಾರೆ: ‘ಕೇಸ್ ಹಾಕಿದ್ರಾ? ಎಷ್ಟು ಬರುತ್ತಂತೆ?’ ಅದರ ಬೆನ್ನಿಗೇ ಯಾರದೋ ಭಾವನಿಗೆ ಒಂದು ಕೈ ಮುರಿದಿದ್ದಕ್ಕೆ ಎಂಟು ಲಕ್ಷ ಬಂದ ಸುದ್ದಿ, ಇನ್ಯಾರಿಗೋ ಎರಡು ಕಡೆ ಮುರಿದರೂ ಎರಡೇ ಲಕ್ಷ ಸಿಕ್ಕ ಸುದ್ದಿ ಬರುತ್ತದೆ. ಎರಡೂ ನಿಜವಿರಬಹುದು. ಏಕೆಂದರೆ ಇಂಥ ಮೂಳೆಗೆ ಇಷ್ಟು ಅಂತ ಕಾನೂನಿನಲ್ಲಿ ರೇಟ್ ಇಲ್ಲ. ಆ ಗಾಯ ನಿಮ್ಮ ದುಡಿಮೆಯನ್ನು, ನಿಮ್ಮ ದಿನನಿತ್ಯದ ಬದುಕನ್ನು ಎಷ್ಟು ಕಿತ್ತುಕೊಂಡಿತು ಅನ್ನುವುದನ್ನು ನೋಡಿ ದುಡ್ಡು ಲೆಕ್ಕ ಹಾಕುತ್ತಾರೆ. ಇದೊಂದು ಮಾತು ಗೊತ್ತಿಲ್ಲದೆ ಎಷ್ಟೋ ಕುಟುಂಬಗಳು ಬರಬೇಕಾದ್ದರಲ್ಲಿ ಅರ್ಧವನ್ನೂ ಪಡೆಯದೆ ಮನೆಗೆ ಹೋಗುತ್ತವೆ.

ಕೇಂದ್ರ ಸಾರಿಗೆ ಸಚಿವಾಲಯದ ಲೆಕ್ಕದಂತೆ 2022ರಲ್ಲಿ ದೇಶದ ರಸ್ತೆಗಳಲ್ಲಿ 1,68,491 ಜನ ಸತ್ತರು. ಗಾಯಗೊಂಡವರು 4,43,366. ಸಾವಿನ ಪ್ರಕರಣದಲ್ಲಿ ಲೆಕ್ಕ ಹೆಚ್ಚು ಕಡಿಮೆ ಒಂದು ಸೂತ್ರಕ್ಕೆ ಬಂದು ನಿಂತಿದೆ. ಗಾಯದ ಪ್ರಕರಣ ಹಾಗಲ್ಲ. ಮನುಷ್ಯ ಬದುಕಿದ್ದಾನೆ, ನಡೆದುಕೊಂಡು ಕೋರ್ಟಿಗೆ ಬಂದಿದ್ದಾನೆ. ಅವನು ಏನು ಕಳೆದುಕೊಂಡ ಅಂತ ಸಾಬೀತು ಮಾಡುವುದು ಅವನ ಮೇಲೇ ಬೀಳುತ್ತದೆ.

ಯಾರ ಮೇಲೆ, ಎಲ್ಲಿ, ಯಾವಾಗ

1988ರ ಮೋಟಾರು ವಾಹನ ಕಾಯ್ದೆಯ 166ನೇ ಸೆಕ್ಷನ್ ಅಡಿ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಗೆ ಅರ್ಜಿ ಹಾಕಬೇಕು. ಬೆಂಗಳೂರಿನಲ್ಲಿ ಈ ಕೆಲಸವನ್ನು ಲಘು ವ್ಯವಹಾರಗಳ ನ್ಯಾಯಾಲಯ ಮಾಡುತ್ತದೆ. ಬೇರೆ ಊರುಗಳಲ್ಲಿ ಜಿಲ್ಲಾ ನ್ಯಾಯಾಧೀಶರು ಅಥವಾ ಹಿರಿಯ ಸಿವಿಲ್ ನ್ಯಾಯಾಧೀಶರೇ ನ್ಯಾಯಮಂಡಳಿಯೂ ಆಗಿರುತ್ತಾರೆ. ಕೋರ್ಟಿನ ಸುತ್ತಮುತ್ತ ಇದನ್ನು ಎಂವಿಸಿ ಕೇಸ್ ಅನ್ನುತ್ತಾರೆ. ಅಪಘಾತವಾದ ಊರಿನಲ್ಲೇ ಹಾಕಬೇಕೆಂದಿಲ್ಲ. ನೆಲಮಂಗಲದ ಹತ್ತಿರ ಲಾರಿ ಗುದ್ದಿದ್ದರೂ, ಗಾಯಾಳು ರಾಯಚೂರಿನವರಾದರೆ ರಾಯಚೂರಿನಲ್ಲೇ ಹಾಕಬಹುದು. ಕೋಲು ಹಿಡಿದು ನಡೆಯುವವರಿಗೆ ಇದು ಸಣ್ಣ ಅನುಕೂಲವಲ್ಲ.

ಎದುರಾಳಿಗಳು ಗುದ್ದಿದ ವಾಹನದ ಮಾಲೀಕರು ಮತ್ತು ಅವರ ವಿಮಾ ಕಂಪನಿ. ಥರ್ಡ್ ಪಾರ್ಟಿ ವಿಮೆ ಕಡ್ಡಾಯವಾಗಿರುವುದೇ ಇದಕ್ಕಾಗಿ. ಸರ್ಕಾರಿ ಸಾರಿಗೆ ಬಸ್ಸಾದರೆ ಸಾಮಾನ್ಯವಾಗಿ ನಿಗಮವೇ ತನ್ನ ನಿಧಿಯಿಂದ ಕೊಡಬೇಕಾಗುತ್ತದೆ. ಪರಿಹಾರ ಕೊಡದ್ದಕ್ಕೆ ಬಸ್ ಜಪ್ತಿ ಅಂತ ಪೇಪರಿನಲ್ಲಿ ಬರುವುದನ್ನು ಓದಿರುತ್ತೀರಿ, ಅದು ಇಂಥ ಕೇಸುಗಳದ್ದೇ. ತಪ್ಪು ಪೂರ್ತಿ ನಿಮ್ಮದೇ ಆಗಿದ್ದರೆ, ಅಂದರೆ ನಿಮ್ಮ ಬೈಕ್ ನೀವೇ ಬೀಳಿಸಿಕೊಂಡಿದ್ದರೆ, ಈ ದಾರಿ ಇಲ್ಲ. ಆಗ ನಿಮ್ಮ ಸ್ವಂತ ಪಾಲಿಸಿಯ ಜೊತೆ ಇರುವ 15 ಲಕ್ಷದ ವೈಯಕ್ತಿಕ ಅಪಘಾತ ವಿಮೆಯ ಕಡೆ ನೋಡಬೇಕು. ಅದರಲ್ಲೂ ಸಾವಿಗೆ ಮತ್ತು ಕೈಕಾಲು, ಕಣ್ಣು ಹೋಗುವಂಥ ದೊಡ್ಡ ನಷ್ಟಕ್ಕೆ ಮಾತ್ರ ದುಡ್ಡು. ಸಾಮಾನ್ಯ ಮೂಳೆ ಮುರಿತಕ್ಕೆ ಸಿಗುವುದಿಲ್ಲ.

ಸಮಯದ ವಿಷಯದಲ್ಲಿ ಹಳೆಯ ಮಾತು ನಂಬಬೇಡಿ. ‘ಯಾವಾಗ ಬೇಕಾದ್ರೂ ಹಾಕಬಹುದು’ ಅನ್ನುವುದು ಒಂದು ಕಾಲಕ್ಕೆ ನಿಜವಿತ್ತು. 2022ರ ಏಪ್ರಿಲ್ 1ರಿಂದ ಅಪಘಾತವಾದ ಆರು ತಿಂಗಳೊಳಗೆ ಅರ್ಜಿ ಹಾಕಬೇಕು ಅನ್ನುವ ನಿಯಮ ಬಂದಿದೆ. ಇದನ್ನು ಪ್ರಶ್ನಿಸಿದ ಅರ್ಜಿಗಳು ಸುಪ್ರೀಂ ಕೋರ್ಟ್ ಮುಂದೆ ಬಂದಿವೆ. ತಡವಾಯಿತು ಅನ್ನುವ ಕಾರಣಕ್ಕೆ ಅರ್ಜಿ ವಜಾ ಮಾಡಬೇಡಿ ಎಂದು 2025ರ ನವೆಂಬರ್‌ನಲ್ಲಿ ಮಧ್ಯಂತರ ಆದೇಶವೂ ಆಯಿತು. ಆದರೆ ಮಧ್ಯಂತರ ಆದೇಶ ನಂಬಿಕೊಂಡು ಕೂರುವುದು ಬುದ್ಧಿವಂತಿಕೆಯಲ್ಲ. ಆರು ತಿಂಗಳು ಅಂದುಕೊಂಡೇ ಓಡಾಡಿ.

ಇನ್ನೆರಡು ದಾರಿಗಳನ್ನು ಬೇಗ ಹೇಳಿಬಿಡುತ್ತೇನೆ. 164ನೇ ಸೆಕ್ಷನ್ ಅಡಿ ಯಾರ ತಪ್ಪು ಅಂತ ಸಾಬೀತು ಮಾಡದೆಯೇ ತೀವ್ರ ಗಾಯಕ್ಕೆ ಎರಡೂವರೆ ಲಕ್ಷ ಕೇಳಬಹುದು. ಅದನ್ನು ತೆಗೆದುಕೊಂಡರೆ 166ರ ದೊಡ್ಡ ಲೆಕ್ಕ ಅಲ್ಲಿಗೇ ಮುಗಿಯುತ್ತದೆ. ಗುದ್ದಿದ ವಾಹನ ಪತ್ತೆಯೇ ಆಗದಿದ್ದರೆ ಹಿಟ್ ಅಂಡ್ ರನ್ ಯೋಜನೆಯಲ್ಲಿ ತೀವ್ರ ಗಾಯಕ್ಕೆ 50,000 ರೂಪಾಯಿ. ಜೀವಮಾನವಿಡೀ ಕುಂಟಬೇಕಾದವನಿಗೆ 50,000 ಏನೇನೂ ಅಲ್ಲ. ಅದಕ್ಕೇ ವಾಹನದ ನಂಬರ್ ಹಿಡಿಯುವುದು ಅಷ್ಟು ಮುಖ್ಯ.

ಲೆಕ್ಕ ಹೇಗೆ ಕಟ್ಟುತ್ತಾರೆ

ಗಾಯದ ಕೇಸಿನ ಲೆಕ್ಕಕ್ಕೆ ಬುನಾದಿ 2010ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ರಾಜ್ ಕುಮಾರ್ ವಿರುದ್ಧ ಅಜಯ್ ಕುಮಾರ್ ತೀರ್ಪು. ಅದು ಪರಿಹಾರವನ್ನು ಬಾಬತ್ತುಗಳಾಗಿ ಬಿಡಿಸುತ್ತದೆ. ಆಸ್ಪತ್ರೆ, ಔಷಧಿ, ಓಡಾಟ, ಒಳ್ಳೆಯ ಊಟದ ಖರ್ಚು ಒಂದು. ಮಲಗಿದ್ದ ತಿಂಗಳುಗಳಲ್ಲಿ ಕಳೆದುಕೊಂಡ ದುಡಿಮೆ ಇನ್ನೊಂದು. ಮುಂದೆ ಆಗುವ ಚಿಕಿತ್ಸೆಯ ಖರ್ಚು, ಉದಾಹರಣೆಗೆ ಕಾಲಿಗೆ ಹಾಕಿದ ರಾಡು ಪ್ಲೇಟು ತೆಗೆಸುವುದು. ಅನುಭವಿಸಿದ ನೋವು. ಓಡಾಡುವ, ಆಡುವ, ಮಗುವನ್ನು ಎತ್ತಿಕೊಳ್ಳುವ ಸುಖ ಹೋಗಿದ್ದಕ್ಕೆ ಬೇರೆ. ಆಯುಸ್ಸೇ ಕಡಿಮೆಯಾಗಿದ್ದರೆ ಅದಕ್ಕೂ ಬೇರೆ. ಎಲ್ಲಕ್ಕಿಂತ ದೊಡ್ಡದು, ಶಾಶ್ವತ ಊನದಿಂದ ಮುಂದಿನ ವರ್ಷಗಳಲ್ಲಿ ಹೋಗುವ ಸಂಪಾದನೆ. ಜಗಳವೆಲ್ಲ ಇದರ ಸುತ್ತಲೇ ನಡೆಯುತ್ತದೆ.

ಇಲ್ಲಿ ಮೂರು ಬಗೆಯ ಶೇಕಡಾ ಲೆಕ್ಕಗಳು ಬರುತ್ತವೆ. ಜನ ಮೂರನ್ನೂ ಒಂದೇ ಅಂದುಕೊಳ್ಳುತ್ತಾರೆ. ಮೊದಲನೆಯದು ಆ ಕಾಲಿಗೋ ಕೈಗೋ ಆದ ಊನ. ಡಾಕ್ಟರು ಮೊಣಕಾಲು ಎಷ್ಟು ಮಡಚುತ್ತದೆ, ಸ್ನಾಯು ಎಷ್ಟು ಸೊರಗಿದೆ ಅಂತ ಅಳೆದು, ಉದಾಹರಣೆಗೆ, ‘ಬಲಗಾಲಿಗೆ ಶೇ. 36’ ಅನ್ನುತ್ತಾರೆ. ಎರಡನೆಯದು ಇಡೀ ದೇಹಕ್ಕೆ ಲೆಕ್ಕ ಹಾಕಿದರೆ ಎಷ್ಟು ಅನ್ನುವುದು. ನಮ್ಮ ಕೋರ್ಟುಗಳಲ್ಲಿ ಸಾಮಾನ್ಯವಾಗಿ ಮೊದಲನೆಯದರ ಮೂರನೇ ಒಂದು ಭಾಗ ಹಿಡಿಯುತ್ತಾರೆ, ಅಂದರೆ ಶೇ. 12. ಮೂರನೆಯದು ದುಡಿಯುವ ಶಕ್ತಿ ಎಷ್ಟು ಹೋಯಿತು ಅನ್ನುವುದು. ದುಡ್ಡು ಕಟ್ಟುವುದು ಈ ಮೂರನೆಯದರ ಮೇಲೆ. ಅದನ್ನು ಹೇಳುವುದು ಡಾಕ್ಟರಲ್ಲ, ನ್ಯಾಯಾಧೀಶರು.

ಆ ತೀರ್ಪಿನಲ್ಲೇ ಒಂದು ಉದಾಹರಣೆ ಇದೆ. ಎಡಗೈ ಕತ್ತರಿಸಿ ಹೋದವರು ಡ್ರೈವರೋ ಬಡಗಿಯೋ ಆಗಿದ್ದರೆ ದುಡಿಮೆಯ ನಷ್ಟ ಹತ್ತಿರಹತ್ತಿರ ಶೇ. 100. ಅದೇ ಕೈ ಸರ್ಕಾರಿ ಗುಮಾಸ್ತರದ್ದಾಗಿದ್ದು, ನೌಕರಿ ಉಳಿದಿದ್ದರೆ, ಸಂಪಾದನೆಯ ನಷ್ಟ ಅಷ್ಟಿಲ್ಲ. ಆಗ ಬದುಕಿನ ಸುಖ ಹೋಗಿದ್ದಕ್ಕೆ ಜಾಸ್ತಿ ಕೊಡಬೇಕು. ಗಾಯ ಒಂದೇ, ಕೈ ಒಂದೇ, ಕೆಲಸ ಬೇರೆ. 2020ರ ಇನ್ನೊಂದು ತೀರ್ಪಿನಲ್ಲಿ ಬಲಗೈ ಕಳೆದುಕೊಂಡ ಡೇಟಾ ಎಂಟ್ರಿ ಕೆಲಸದ ಯುವಕನಿಗೆ ಕೆಳಗಿನ ಕೋರ್ಟು ಶೇ. 45 ಹಿಡಿದಿತ್ತು. ಸುಪ್ರೀಂ ಕೋರ್ಟ್ ಅದನ್ನು ಶೇ. 65ಕ್ಕೆ ಏರಿಸಿತು. ಟೈಪ್ ಮಾಡಿ ಬದುಕುವವನ ಕೈ ಹೋದರೆ ಉಳಿಯುವುದೇನು ಅಂತ ಕೋರ್ಟು ಕೇಳಬೇಕು, ಅಲ್ವಾ?

ಈಗ ಒಂದು ಲೆಕ್ಕ ಮಾಡಿ ನೋಡೋಣ. 34 ವರ್ಷದ ಟೈಲ್ಸ್ ಹಾಕುವ ಕೆಲಸಗಾರ ಅಂದುಕೊಳ್ಳಿ. ಮೊಣಕಾಲ ಕೆಳಗಿನ ಎರಡೂ ಮೂಳೆ ಮುರಿದಿವೆ, ರಾಡು ಹಾಕಿದ್ದಾರೆ. ಡಾಕ್ಟರು ಕಾಲಿಗೆ ಶೇ. 36 ಅಂದಿದ್ದಾರೆ. ವರ್ಷದ ಆದಾಯವನ್ನು ಎಷ್ಟರಿಂದ ಗುಣಿಸಬೇಕು, ಅಂದರೆ ವಯಸ್ಸಿಗೆ ತಕ್ಕ ಗುಣಕ ಯಾವುದು ಅಂತ 2009ರ ಸರಳಾ ವರ್ಮಾ ತೀರ್ಪಿನಲ್ಲಿ ಪಟ್ಟಿ ಇದೆ. 15ರಿಂದ 25ಕ್ಕೆ 18, 26ರಿಂದ 30ಕ್ಕೆ 17, 31ರಿಂದ 35ಕ್ಕೆ 16, ಹೀಗೆ ಇಳಿಯುತ್ತಾ ಹೋಗಿ 66ರಿಂದ 70ಕ್ಕೆ 5. ಇವರಿಗೆ 16.

ದಾಖಲೆ ಏನೂ ಇಲ್ಲ, ಹೇಳಿಕೊಡುವವರೂ ಇಲ್ಲ ಅಂದರೆ ಲೆಕ್ಕ ಹೀಗಾಗಬಹುದು: ತಿಂಗಳಿಗೆ 15,000 ಆದಾಯ, ವರ್ಷಕ್ಕೆ 1,80,000, ಅದನ್ನು 16ರಿಂದ ಗುಣಿಸಿ, ಬಂದದ್ದರಲ್ಲಿ ಶೇ. 12 ಹಿಡಿದರೆ 3,45,600 ರೂಪಾಯಿ. ಟೈಲ್ಸ್ ಹಾಕುವವನು ದಿನವಿಡೀ ಕುಕ್ಕರುಗಾಲಲ್ಲಿ ಕೂರಬೇಕು, ಈ ಕಾಲಲ್ಲಿ ಅದು ಸಾಧ್ಯವಿಲ್ಲ ಅಂತ ಸಾಬೀತಾಗಿ ಶೇ. 20 ಹಿಡಿದರೆ 5,76,000. ಆದಾಯ 18,000 ಅಂತ ತೋರಿಸಲು ಆದರೆ 6,91,200. ಇದರ ಮೇಲೆ ಮುಂದಿನ ದಿನಗಳ ಆದಾಯ ಏರಿಕೆ ಸೇರಬೇಕು. 2017ರ ಪ್ರಣಯ್ ಸೇಠಿ ತೀರ್ಪಿನಂತೆ ಸ್ವಂತ ದುಡಿಮೆಯವರು 40 ವರ್ಷದೊಳಗಿದ್ದರೆ ಶೇ. 40 ಸೇರಿಸಬೇಕು. ಆಗ 9,67,680 ರೂಪಾಯಿ. ಅದೇ ಮನುಷ್ಯ, ಅದೇ ಕಾಲು. ಮೂರೂವರೆ ಲಕ್ಷದ ಹತ್ತಿರವಿದ್ದದ್ದು ಹತ್ತು ಲಕ್ಷದ ಹತ್ತಿರ ಬಂತು. ಆಸ್ಪತ್ರೆ ಬಿಲ್ಲು, ನೋವು, ಮಲಗಿದ್ದ ತಿಂಗಳುಗಳ ದುಡಿಮೆ ಇದಕ್ಕೆ ಹೊರತು.

ಮುಂದಿನ ಏರಿಕೆ ಸಾವಿನ ಕೇಸಿಗೆ ಮಾತ್ರ ಅಂತ ವಿಮಾ ಕಂಪನಿಯವರು ವಾದಿಸುವುದುಂಟು. ಶಾಶ್ವತ ಊನವಾದ ಗಾಯದ ಕೇಸಿಗೂ ಅದು ಸೇರುತ್ತದೆ ಅಂತ ಮೇಲೆ ಹೇಳಿದ 2020ರ ತೀರ್ಪೇ ಹೇಳಿದೆ. ಸತ್ತವರ ಕೇಸಿನಲ್ಲಿ ಸ್ವಂತ ಖರ್ಚು ಅಂತ ಮೂರನೇ ಒಂದೋ ನಾಲ್ಕನೇ ಒಂದೋ ಭಾಗ ಕಳೆಯುತ್ತಾರೆ. ಗಾಯಾಳು ಬದುಕಿದ್ದಾರೆ, ಅವರ ಊಟ ಬಟ್ಟೆ ನಡೆಯಲೇಬೇಕು. ಹಾಗಾಗಿ ಇಲ್ಲಿ ಅದನ್ನು ಕಳೆಯುವಂತಿಲ್ಲ.

ಆದಾಯಕ್ಕೆ ಕಾಗದ ಎಲ್ಲಿಂದ ತರೋದು?

ಸಂಬಳದವರಿಗೆ ಸ್ಯಾಲರಿ ಸ್ಲಿಪ್ ಇದೆ. ಗಾರೆ ಕೆಲಸದವರಿಗೆ, ತರಕಾರಿ ಗಾಡಿಯವರಿಗೆ, ಆಟೋದವರಿಗೆ ಏನಿದೆ? 2004ರಲ್ಲಿ ಅಪಘಾತಕ್ಕೆ ಸಿಕ್ಕ ಕರ್ನಾಟಕದ ಕೂಲಿ ಕಾರ್ಮಿಕರೊಬ್ಬರು ತಿಂಗಳಿಗೆ 4,500 ದುಡಿಯುತ್ತಿದ್ದೆ ಅಂದಿದ್ದರು. ನ್ಯಾಯಮಂಡಳಿ ದಾಖಲೆ ಇಲ್ಲ ಅಂತ 3,000ಕ್ಕೆ ಇಳಿಸಿತು. 2011ರಲ್ಲಿ ಸುಪ್ರೀಂ ಕೋರ್ಟ್ 4,500 ಅನ್ನೇ ಒಪ್ಪಿತು. ಕೂಲಿಯವನ ಹತ್ತಿರ ದಾಖಲೆ ಇರುವುದಿಲ್ಲ, ಅವನು ಕೇಳಿದ್ದು ಆ ಕಾಲದ ಕೂಲಿಗೆ ತಕ್ಕಂತಿದ್ದರೆ ಸುಮ್ನೆ ಕತ್ತರಿಸಬಾರದು ಅನ್ನುವುದು ಅದರ ತಿರುಳು. ನ್ಯಾಯವಾದ ಮಾತು.

ಆದರೂ ದಾಖಲೆ ಇಲ್ಲದ ಕಡೆ ನಮ್ಮ ರಾಜ್ಯದಲ್ಲಿ ಸಾಮಾನ್ಯವಾಗಿ ಕರ್ನಾಟಕ ರಾಜ್ಯ ಕಾನೂನು ಸೇವೆಗಳ ಪ್ರಾಧಿಕಾರ ಲೋಕ ಅದಾಲತ್‌ಗಾಗಿ ಮಾಡಿಕೊಂಡ ಪಟ್ಟಿಯನ್ನೇ ನೋಡುತ್ತಾರೆ. ಅಪಘಾತದ ವರ್ಷಕ್ಕೆ ಇಷ್ಟು ಅಂತ ಒಂದು ಅಂದಾಜು ಆದಾಯ ಅದರಲ್ಲಿದೆ. ಏನೂ ಇಲ್ಲದವರಿಗೆ ಅದು ಆಸರೆ. ಆದರೆ ನುರಿತ ಕೆಲಸಗಾರ ಅಷ್ಟಕ್ಕೇ ತೃಪ್ತಿಪಡಬೇಕಾಗಿಲ್ಲ. ಫೋನ್‌ಪೇ, ಗೂಗಲ್‌ಪೇಯಲ್ಲಿ ಮೇಸ್ತ್ರಿ ಹಾಕಿದ ಕೂಲಿ ಬ್ಯಾಂಕಿನ ಸ್ಟೇಟ್‌ಮೆಂಟಿನಲ್ಲಿ ಸಿಗುತ್ತದೆ. ಕಟ್ಟಡ ಕಾರ್ಮಿಕರ ಮಂಡಳಿಯ ಕಾರ್ಡ್ ಇದ್ದರೆ ಕೆಲಸ ಯಾವುದು ಅನ್ನುವುದಕ್ಕೆ ಅದೇ ಆಧಾರ. ಸಂಘದ ಸಾಲಕ್ಕೆ ತಿಂಗಳಿಗೆ ಎಷ್ಟು ಕಂತು ಕಟ್ಟುತ್ತಿದ್ದರು ಅನ್ನುವುದೂ ದುಡಿಮೆಯ ಅಂದಾಜು ಕೊಡುತ್ತದೆ. ಮೇಸ್ತ್ರಿ ಕೊಟ್ಟ ಚೀಟಿ ಒಂದೇ ಸಾಲದು, ಮೇಸ್ತ್ರಿ ಸ್ವತಃ ಬಂದು ಸಾಕ್ಷಿ ಹೇಳಿದರೆ ಅದಕ್ಕೆ ಬೆಲೆ.

ಮನೆಯಲ್ಲೇ ಇರುವ ಹೆಣ್ಣುಮಕ್ಕಳಿಗೆ ‘ಆದಾಯ ಇಲ್ಲ’ ಅಂತ ಬರೆಸಿಬಿಡುವುದನ್ನು ಕಂಡರೆ ಸಂಕಟವಾಗುತ್ತದೆ. ಗೃಹಿಣಿಯ ದುಡಿಮೆಗೂ ಅಂದಾಜು ಆದಾಯ ಹಿಡಿಯಬೇಕು ಅಂತ ಸುಪ್ರೀಂ ಕೋರ್ಟ್ 2021ರಲ್ಲಿ ಮತ್ತೆ ಒತ್ತಿ ಹೇಳಿದೆ. ಬೆಳಿಗ್ಗೆಯಿಂದ ರಾತ್ರಿವರೆಗೆ ನಿಂತು ಮಾಡುವ ಕೆಲಸಕ್ಕೆ ಸೊಂಟದ ಮೂಳೆ ಮುರಿದರೆ ಏನಾಗುತ್ತದೆ ಅಂತ ಅರ್ಜಿಯಲ್ಲಿ ಬರೆಸಿ.

ತೀರಾ ದೊಡ್ಡ ಗಾಯಗಳಲ್ಲಿ ನೋಡಿಕೊಳ್ಳುವವರ ಖರ್ಚೇ ದೊಡ್ಡದು. ಮೆದುಳಿಗೆ ಪೆಟ್ಟಾಗಿ ಹಾಸಿಗೆ ಹಿಡಿದ 12 ವರ್ಷದ ಬಾಲಕಿಯ ಕೇಸಿನಲ್ಲಿ ಸುಪ್ರೀಂ ಕೋರ್ಟ್ 2020ರಲ್ಲಿ ಇಬ್ಬರು ಸಹಾಯಕರಿಗೆ ತಲಾ 5,000 ಅಂತ ತಿಂಗಳಿಗೆ 10,000 ಹಿಡಿದು, 18ರ ಗುಣಕದಲ್ಲಿ ಆ ಒಂದೇ ಬಾಬತ್ತಿಗೆ 21,60,000 ಕೊಟ್ಟಿತು. ಮನೆಯಲ್ಲಿ ಅಮ್ಮನೋ ಹೆಂಡತಿಯೋ ಕೆಲಸ ಬಿಟ್ಟು ನೋಡಿಕೊಳ್ಳುತ್ತಿದ್ದರೆ ಅದನ್ನೂ ಕೇಳಬೇಕು. ಮನೆಯವರು ಮಾಡುವುದು ಅಂದಮಾತ್ರಕ್ಕೆ ಅದು ಬಿಟ್ಟಿ ಕೆಲಸವಲ್ಲ.

ಕೇಸು ಹಾಳಾಗುವುದು ಮೊದಲ ದಿನವೇ

ಕ್ಯಾಶುವಾಲ್ಟಿಯಲ್ಲಿ ಗಾಯಾಳು ನರಳುತ್ತಿರುತ್ತಾರೆ. ಜೊತೆಗೆ ಬಂದವರು ಗಾಬರಿಯಲ್ಲಿರುತ್ತಾರೆ. ‘ಏನಾಯ್ತು?’ ಅಂತ ಡ್ಯೂಟಿ ಡಾಕ್ಟರು ಕೇಳುತ್ತಾರೆ. ‘ಬೈಕಿಂದ ಬಿದ್ದ ಸಾರ್’ ಅಂತ ಯಾರೋ ಅನ್ನುತ್ತಾರೆ. ಪೊಲೀಸರಿಗೆ ತಿಳಿಸಬೇಕಾದ ಗಾಯಗಳನ್ನು ಆಸ್ಪತ್ರೆಯವರು ಬರೆದಿಡುವ ಎಂಎಲ್‌ಸಿ ರಿಜಿಸ್ಟರ್‌ನಲ್ಲಿ ‘ಬೈಕ್ ಸ್ಕಿಡ್ ಆಗಿ ಬಿದ್ದದ್ದು’ ಅಂತ ದಾಖಲಾಗುತ್ತದೆ. ಹಿಂದಿನಿಂದ ಕಾರು ಗುದ್ದಿತ್ತು ಅನ್ನುವುದು ಆ ಸಾಲಿನಲ್ಲಿ ಇಲ್ಲ. ಎರಡು ವರ್ಷ ಆದಮೇಲೆ ಪಾಟಿ ಸವಾಲಿನಲ್ಲಿ ವಿಮಾ ಕಂಪನಿಯ ವಕೀಲರು ತೆಗೆದು ತೋರಿಸುವುದು ಇದೇ ಸಾಲನ್ನು: ಬಿದ್ದದ್ದು ಸ್ವಂತ ತಪ್ಪಿನಿಂದ, ಕಾರನ್ನು ಆಮೇಲೆ ಸೇರಿಸಿದ್ದಾರೆ ಅಂತ. ಆದ್ದರಿಂದ ಯಾವ ವಾಹನ, ಹೇಗೆ ಗುದ್ದಿತು ಅನ್ನುವುದನ್ನು ಮೊದಲ ದಿನವೇ ಬಾಯಿಬಿಟ್ಟು ಹೇಳಿ. ನಂಬರ್ ಗೊತ್ತಿದ್ದರೆ ಅದನ್ನೂ ಬರೆಸಿ.

ಪೊಲೀಸ್ ದೂರು ಬೇಗ ಆಗಬೇಕು. ಆಸ್ಪತ್ರೆಯ ಓಡಾಟದಲ್ಲಿ ತಡವಾದರೆ ಅಷ್ಟಕ್ಕೇ ಕೇಸು ಬಿದ್ದುಹೋಗುವುದಿಲ್ಲ, ಕಾರಣ ಹೇಳಬಹುದು ಅಂತ 2011ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದರೆ ವಾರಗಟ್ಟಲೆ ತಡವಾದರೆ ಅನುಮಾನಕ್ಕೆ ಜಾಗ ಕೊಟ್ಟಂತೆ. ಎಫ್‌ಐಆರ್, ಮಹಜರು, ಸ್ಥಳದ ನಕ್ಷೆ, ವಾಹನ ತಪಾಸಣೆ ವರದಿ, ಚಾರ್ಜ್‌ಶೀಟ್, ವೂಂಡ್ ಸರ್ಟಿಫಿಕೇಟ್, ಡಿಸ್ಚಾರ್ಜ್ ಸಮ್ಮರಿ, ಎಕ್ಸ್‌ರೇ, ಒರಿಜಿನಲ್ ಬಿಲ್ಲುಗಳು, ಇವೆಲ್ಲ ಒಂದು ಫೈಲಿನಲ್ಲಿರಲಿ. ಆಟೋ, ಆಂಬುಲೆನ್ಸ್ ಕೊಟ್ಟ ಚೀಟಿಯನ್ನೂ ಎಸೆಯಬೇಡಿ.

ದುಡ್ಡಿಲ್ಲ ಅಂತ ಚಿಕಿತ್ಸೆ ತಡಮಾಡಬೇಡಿ. ಕೇಂದ್ರ ಸರ್ಕಾರ 2025ರ ಮೇ ತಿಂಗಳಲ್ಲಿ ಜಾರಿಗೆ ತಂದ ಯೋಜನೆಯಲ್ಲಿ, ಅಪಘಾತವಾದ ದಿನದಿಂದ ಏಳು ದಿನದವರೆಗೆ ಒಂದೂವರೆ ಲಕ್ಷದವರೆಗಿನ ಚಿಕಿತ್ಸೆ ನಗದಿಲ್ಲದೆ ಸಿಗಬೇಕು.

ಡಾಕ್ಟರ ಸಾಕ್ಷಿ ಇನ್ನೊಂದು ಸೂಕ್ಷ್ಮ ಜಾಗ. ವಿಮಾ ಕಂಪನಿಯ ವಕೀಲರ ಪ್ರಶ್ನೆಗಳು ಸಾಮಾನ್ಯವಾಗಿ ಹೀಗಿರುತ್ತವೆ: ‘ಮೂಳೆ ಕೂಡಿಕೊಂಡಿದೆ, ಸರಿ ತಾನೇ?’ ‘ಹೌದು.’ ‘ಆಸರೆ ಇಲ್ಲದೆ ನಡೆಯುತ್ತಾರೆ, ಸರಿ ತಾನೇ?’ ‘ಹೌದು.’ ‘ಚಿಕಿತ್ಸೆ ಕೊಟ್ಟವರು ನೀವಲ್ಲ, ಅಲ್ಲವೇ?’ ‘ಹೌದು.’ ಮೂರೂ ಉತ್ತರ ನಿಜ. ಆದರೆ ಕುಕ್ಕರುಗಾಲಲ್ಲಿ ಕೂರಬಲ್ಲರೇ, ಏಣಿ ಹತ್ತಬಲ್ಲರೇ, ಸಿಮೆಂಟ್ ಚೀಲ ಎತ್ತಬಲ್ಲರೇ ಅನ್ನುವುದು ದಾಖಲೆಗೆ ಬರಲೇ ಇಲ್ಲ. ಇದನ್ನು ಡಾಕ್ಟರು ತಮ್ಮ ವರದಿಯಲ್ಲಿ ಮೊದಲೇ ಬರೆದಿರಬೇಕು. ಅದಕ್ಕೆ ನೀವು ಅವರಿಗೆ ನಿಮ್ಮ ಕೆಲಸ ಏನು, ಅದರಲ್ಲಿ ಮೈ ಹೇಗೆ ಬಗ್ಗಬೇಕು ಅಂತ ಬಿಡಿಸಿ ಹೇಳಬೇಕು. ಚಿಕಿತ್ಸೆ ಕೊಟ್ಟ ಡಾಕ್ಟರೇ ಬಂದರೆ ಇನ್ನೂ ಒಳ್ಳೆಯದು.

ತಪ್ಪು ಯಾರದ್ದು ಅನ್ನುವ ಜಗಳ

ನಿಮ್ಮದೂ ಒಂದಿಷ್ಟು ತಪ್ಪಿದ್ದರೆ ಅಷ್ಟು ಭಾಗ ಪರಿಹಾರದಲ್ಲಿ ಕಡಿತವಾಗುತ್ತದೆ. ಶೇ. 25 ನಿಮ್ಮ ತಪ್ಪು ಅಂತಾದರೆ ಎಂಟು ಲಕ್ಷ ಆರಾಗುತ್ತದೆ. ಆದರೆ ನಿಯಮ ಮುರಿದಿದ್ದೀರಿ ಅಂದಮಾತ್ರಕ್ಕೆ ಕಡಿತ ಮಾಡುವಂತಿಲ್ಲ. ಬೈಕಿನಲ್ಲಿ ಮೂವರು ಕೂತಿದ್ದರು ಅನ್ನುವುದೇ ತಪ್ಪಿನ ಪಾಲಲ್ಲ, ಅದರಿಂದಲೇ ಅಪಘಾತವಾಯಿತು ಅಥವಾ ಗಾಯ ಹೆಚ್ಚಾಯಿತು ಅಂತ ತೋರಿಸಬೇಕು ಅಂತ 2020ರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟ ಮಾಡಿದೆ. ಹಿಂದೆ ಕೂತವರ ಲೆಕ್ಕ ಇನ್ನೂ ಬೇರೆ. ಎರಡು ವಾಹನಗಳ ತಪ್ಪಿನಿಂದ ಅವರಿಗೆ ಗಾಯವಾದರೆ, ಇಬ್ಬರಲ್ಲಿ ಯಾರಿಂದ ಬೇಕಾದರೂ ಪೂರ್ತಿ ವಸೂಲಿ ಮಾಡಬಹುದು.

ಗುದ್ದಿದವರ ಹತ್ತಿರ ಸರಿಯಾದ ಲೈಸೆನ್ಸ್ ಇಲ್ಲ ಅಂತ ತಿಳಿದರೂ ಎದೆಗುಂದಬೇಡಿ. ಅಂಥ ಕಡೆ ವಿಮಾ ಕಂಪನಿ ಮೊದಲು ಗಾಯಾಳುವಿಗೆ ಕೊಡಲಿ, ಆಮೇಲೆ ಮಾಲೀಕರಿಂದ ವಸೂಲಿ ಮಾಡಿಕೊಳ್ಳಲಿ ಅಂತ ಕೋರ್ಟು ಆದೇಶ ಮಾಡುವುದುಂಟು. ನಿಜವಾದ ಕಷ್ಟ ವಾಹನಕ್ಕೆ ವಿಮೆಯೇ ಇಲ್ಲದಾಗ. ಆಗ ಮಾಲೀಕರ ಆಸ್ತಿಯನ್ನೇ ಹುಡುಕಬೇಕು.

ರಾಜಿ, ವಕೀಲರು, ಮೇಲ್ಮನವಿ

ಈಗ ಕಾಯ್ದೆಯಲ್ಲೇ ವಿಮಾ ಕಂಪನಿ ತಾನಾಗಿ ಒಂದು ಮೊತ್ತ ಹೇಳಬೇಕು ಅನ್ನುವ ವ್ಯವಸ್ಥೆ ಇದೆ. ಲೋಕ ಅದಾಲತ್‌ನಲ್ಲೂ ರಾಜಿ ಆಗುತ್ತದೆ. ರಾಜಿ ಕೆಟ್ಟದ್ದಲ್ಲ, ವರ್ಷಗಟ್ಟಲೆ ಅಲೆಯುವುದು ತಪ್ಪುತ್ತದೆ. ಆದರೆ ಮೂಳೆ ಕೂಡುವ ಮುಂಚೆ, ಊನ ಎಷ್ಟು ಉಳಿಯುತ್ತದೆ ಅಂತ ಗೊತ್ತಾಗುವ ಮುಂಚೆ ಸಹಿ ಹಾಕಬೇಡಿ. ಅದಾಲತ್‌ನ ರಾಜಿಗೆ ಮೇಲ್ಮನವಿ ಇಲ್ಲ.

ಬಂದದ್ದರಲ್ಲಿ ಇಷ್ಟು ಪರ್ಸೆಂಟ್ ಅಂತ ವಕೀಲರು ಫೀಸು ಮಾತಾಡುವುದು ವಕೀಲರ ಪರಿಷತ್ತಿನ ನಿಯಮಕ್ಕೆ ವಿರುದ್ಧ. ಆಸ್ಪತ್ರೆ ಬಾಗಿಲಲ್ಲೇ ಬಂದು ವಕಾಲತ್ತಿಗೆ ಸಹಿ ಕೇಳುವವರ ಬಗ್ಗೆ ಎಚ್ಚರವಿರಲಿ. ಮಹಿಳೆಯರು, ಮಕ್ಕಳು, ಅಂಗವಿಕಲರು, ಪರಿಶಿಷ್ಟ ಜಾತಿ ಪಂಗಡದವರು ಆದಾಯ ಎಷ್ಟೇ ಇದ್ದರೂ ತಾಲ್ಲೂಕು ಕಾನೂನು ಸೇವಾ ಸಮಿತಿಯಿಂದ ಉಚಿತವಾಗಿ ವಕೀಲರನ್ನು ಪಡೆಯಬಹುದು. ತಾಲ್ಲೂಕಿನ ಕೋರ್ಟ್ ಆವರಣದಲ್ಲೇ ಅದರ ಕಚೇರಿ ಇರುತ್ತದೆ.

ಕೇಳಿದ್ದಕ್ಕಿಂತ ಜಾಸ್ತಿ ಕೊಡುವ ಅಧಿಕಾರವೂ ನ್ಯಾಯಮಂಡಳಿಗೆ ಇದೆ, 2002ರಲ್ಲೇ ಸುಪ್ರೀಂ ಕೋರ್ಟ್ ಇದನ್ನು ಹೇಳಿದೆ. ತೀರ್ಪಾದ ಮೊತ್ತಕ್ಕೆ ಸಾಮಾನ್ಯವಾಗಿ ಅರ್ಜಿ ಹಾಕಿದ ದಿನದಿಂದ ಬಡ್ಡಿ ಸೇರುತ್ತದೆ. ಮುಂದಿನ ಚಿಕಿತ್ಸೆಯ ಖರ್ಚಿಗೆ ಮಾತ್ರ ನಮ್ಮಲ್ಲಿ ಬಡ್ಡಿ ಕೊಡುವುದಿಲ್ಲ, ಅದು ಇನ್ನೂ ಆಗದ ಖರ್ಚು. ಮೊತ್ತದ ಒಂದು ಭಾಗವನ್ನು ನಿಮ್ಮ ಹೆಸರಲ್ಲೇ ಠೇವಣಿ ಇಡಲು ಹೇಳಬಹುದು. ತುರ್ತು ಇದ್ದರೆ ಕಾರಣ ಹೇಳಿ ಬಿಡಿಸಿಕೊಳ್ಳಲು ಅರ್ಜಿ ಕೊಡಬಹುದು.

ಕೊಟ್ಟದ್ದು ಸಾಲದು ಅನ್ನಿಸಿದರೆ 90 ದಿನದೊಳಗೆ ಹೈಕೋರ್ಟಿಗೆ ಹೋಗಬಹುದು. ಬೆಂಗಳೂರಿಗೇ ಬರಬೇಕೆಂದಿಲ್ಲ, ಉತ್ತರ ಕರ್ನಾಟಕದವರಿಗೆ ಧಾರವಾಡ ಮತ್ತು ಕಲಬುರಗಿ ಪೀಠಗಳಿವೆ. ಜಗಳದ ಮೊತ್ತ ಒಂದು ಲಕ್ಷಕ್ಕಿಂತ ಕಡಿಮೆಯಿದ್ದರೆ ಮೇಲ್ಮನವಿಗೆ ಅವಕಾಶವಿಲ್ಲ. ತೀರ್ಪಿನ ಪ್ರತಿ ಕೈಗೆ ಬಂದ ದಿನವೇ ಮೂರು ಅಂಕಿಗಳನ್ನು ನೋಡಿ: ಆದಾಯ ಎಷ್ಟು ಹಿಡಿದಿದ್ದಾರೆ, ಶೇಕಡಾ ಎಷ್ಟು, ಮುಂದಿನ ಏರಿಕೆ ಸೇರಿಸಿದ್ದಾರೆಯೇ. ಮೇಲ್ಮನವಿ ಹಾಕಬೇಕೋ ಬೇಡವೋ ಅನ್ನುವುದು ಆ ಮೂರರಿಂದಲೇ ತಿಳಿಯುತ್ತದೆ.